ರೈಲ್ವೆ ಗೇಟಿನ ಬಳಿ ಆಡಿದ ಮಾತು

ಬಾಚಣಿಗೆಯ ಹಲ್ಲು ನೆತ್ತಿಯ ಮೇಲೆ ಗೆರೆ ಎಳೆಯುತ್ತ ಹೋಗುತ್ತದೆ, ಕಿವಿಯ ಹಿಂದೆ ಒಂದು ಹನಿ ಎಣ್ಣೆ ಇಳಿಯುತ್ತಿದೆ, ತಣ್ಣಗೆ, ಕೊಬ್ಬರಿ ಎಣ್ಣೆ, ಮೊದಲ ಸಲ ಈ ವಾಸನೆ ಮನೆಗೆ ಬಂದಾಗ ಅಡುಗೆಮನೆಯಲ್ಲಿ ಏನೋ ಹಳಸಿದೆ ಅಂದುಕೊಂಡು ಆ ಚಳಿಯಲ್ಲೂ ಕಿಟಕಿ ತೆರೆದಿದ್ದೆ, ಈಗ ಅದಿಲ್ಲದಿದ್ದರೆ ಬೆಳಗಾದಂತೆಯೇ ಅನಿಸುವುದಿಲ್ಲ — ಮಾಂಯ್, ತಲೆ ಒಂಚೂರು ಈಚೆ ತಿರುಗಿಸಿ ನೋಡುವ, ಇಲ್ಲಿ ಸಿಕ್ಕು ಉಂಟು — ಇವಳು ವೆನಿಸಾ, ನನ್ನ ಸೊಸೆ, ನನ್ನ ಮಗ ತೊಮಾಸನ ಹೆಂಡತಿ, ಹೀಗೆ ಒಂದೊಂದಾಗಿ ಮನಸ್ಸಿನಲ್ಲೇ ಹೇಳಿಕೊಳ್ಳುತ್ತಿರಿ, ಆಗ ಮರೆಯುವುದು ನಿಧಾನವಾಗುತ್ತದೆ ಎಂದು ಡಾಕ್ಟರಮ್ಮ ಹೇಳಿದ್ದಾಳೆ, ಹೇಳಿಕೊಳ್ಳುತ್ತೇನೆ, ನಾನು ದ್ರಾಹೊಮೀರಾ, ಮನೆಯವರಿಗೆ ದ್ರಾಶಾ, ಇದು ಲಿಂಕೋಪಿಂಗ್, ಹೊರಗೆ ಮಾರ್ಚ್ ತಿಂಗಳು, ಹಿಮ ಕರಗಿ ರಸ್ತೆಯ ಮೇಲೆ ಜಾರದಂತೆ ಹಾಕಿದ್ದ ಜಲ್ಲಿ ಮಾತ್ರ ಉಳಿದಿದೆ, ಸೈಕಲ್ಲುಗಳು ಅದರ ಮೇಲೆ ಕರಕರ ಎನ್ನುತ್ತ ವಿಶ್ವವಿದ್ಯಾಲಯದ ಕಡೆ ಹೋಗುತ್ತವೆ, ವೆನಿಸಾ ಉಡುಪಿಯ ಹತ್ತಿರದ ಶಿರ್ವ ಎಂಬ ಊರಿನವಳು, ಇಲ್ಲಿಗೆ ಓದಲು ಬಂದವಳು ಇಲ್ಲೇ ಉಳಿದಳು, ಅವಳ ಮನೆಮಾತಿನಲ್ಲಿ ಅತ್ತೆಗೆ ಮಾಂಯ್ ಎನ್ನುತ್ತಾರಂತೆ, ಇವತ್ತು ಪ್ರಾಗ್‌ನಿಂದ ಟಿವಿಯವಳು ಒಬ್ಬಳು ಬರುತ್ತಾಳೆ, ಅದಕ್ಕೇ ಈ ಬಾಚುವಿಕೆ, ಅದಕ್ಕೇ ನೀಲಿ ಸ್ವೆಟರು. ಮೇಕಪ್ಪಿನವಳ ಕೈಯಲ್ಲಿ ಮುಖ ಕೊಟ್ಟು ಕೂತು ಎಷ್ಟು ಕಾಲವಾಯಿತು, ಗದ್ದ ಎತ್ತು ದ್ರಾಶಾ, ಕಣ್ಣು ಮುಚ್ಚು ದ್ರಾಶಾ, ಪೌಡರಿನ ಧೂಳಿಗೆ ಸೀನು ಬಂದು ಎಲ್ಲ ಮತ್ತೆ ಮೊದಲಿನಿಂದ — ವೆನಿಸಾಳ ಫೋನು ಹೊಡೆದುಕೊಳ್ಳುತ್ತದೆ, ಗೆಳತಿ ಇಫ್ಫತ್‌ಳದ್ದೇ ಇರಬೇಕು, ಅವಳ ಜೊತೆ ಮಾತ್ರ ದನಿ ಹೀಗೆ ಕುಣಿಯುತ್ತದೆ, ಇಲ್ಲ ಮಾರಾಯ್ತಿ ಇವತ್ತು ಫಿಕಾಕ್ಕೆ, ಕಾಫಿಗೆ ಬರ್ಲಿಕ್ಕೆ ಆಗುದಿಲ್ಲ, ಪ್ರಾಗ್‌ನಿಂದ ಟಿವಿಯವರು ಬರ್ತಾ ಇದ್ದಾರೆ, ನಮ್ಮ ಅತ್ತೆ ಹೀರೋಯಿನ್ ಅಲ್ವಾ — ನನಗೆ ಅವರ ಕನ್ನಡ ತಿಳಿಯದು, ಕೊನೆಯ ಆ ಪದ ಮಾತ್ರ ತಿಳಿಯುತ್ತದೆ, ಅದು ಎಲ್ಲ ಭಾಷೆಯಲ್ಲೂ ಒಂದೇ, ಅದನ್ನು ಕೇಳಿದಾಗ ಬೆನ್ನು ತಾನಾಗಿ ನೆಟ್ಟಗಾಗುತ್ತದೆ, ನಾಚಿಕೆಗೇಡು, ಎಂಬತ್ತು ವರ್ಷದ ಬೆನ್ನು.

ಕಾಫಿ ಬೇಕಾ ಮಾಂಯ್, ಎನ್ನುತ್ತಾಳೆ. ಬೇಕು ಎನ್ನಬೇಕು, ಸ್ವೀಡಿಷ್‌ನಲ್ಲಿ ಅದಕ್ಕೊಂದು ಸುಲಭದ ಮಾತಿದೆ, ಎಳೆಮಗುವಿಗೂ ಗೊತ್ತು, ಹೋದ ವರ್ಷ ನನಗೂ ಗೊತ್ತಿತ್ತು, ಐವತ್ತು ವರ್ಷ ಆಡಿದ ಭಾಷೆ ಹೀಗೆ ಸ್ನಾನದ ತೊಟ್ಟಿಯ ನೀರಿನಂತೆ ಸುಳಿ ಸುತ್ತಿ ಸುತ್ತಿ ಇಳಿದುಹೋಗುತ್ತದೆ ಎಂದು ಯಾರೂ ಹೇಳಿರಲಿಲ್ಲ, ಹುಟ್ಟಿದ ಭಾಷೆ ಅಡಿಯ ಕಲ್ಲಿನಂತೆ ಉಳಿದಿದೆ, ಚೆಕ್‌ನಲ್ಲೇ ಬೇಕು ಎನ್ನುತ್ತೇನೆ, ವೆನಿಸಾಳಿಗೆ ಅರ್ಥವಾಗುವುದಿಲ್ಲ, ಆದರೂ ಕಾಫಿ ತರುತ್ತಾಳೆ. ತೊಮಾಸನಿಗೂ ಅರ್ಥವಾಗುವುದಿಲ್ಲ, ಅದು ಹೆಚ್ಚು ನೋಯುತ್ತದೆ, ಅವನು ಚಿಕ್ಕವನಿದ್ದಾಗ ಶಿಶು ತಪಾಸಣೆಯ ದಾದಿ ಗಟ್ಟಿಯಾಗಿ ಹೇಳಿದ್ದಳು, ಒಂದೇ ಭಾಷೆ ಆಡಿಸಿ, ಎರಡಾದರೆ ಮಗು ತೊದಲುತ್ತದೆ, ಆ ಕಾಲದಲ್ಲಿ ಎಲ್ಲರಿಗೂ ಹಾಗೇ ಹೇಳುತ್ತಿದ್ದರು, ನನ್ನ ಗಂಡ ಬೋಹುಶ್ ಅದನ್ನೇ ವೇದವಾಕ್ಯ ಮಾಡಿಕೊಂಡ, ಈ ಮನೆಯಲ್ಲಿ ಇನ್ನು ಆ ಭಾಷೆ ಬೇಡ, ಅದು ನಮ್ಮನ್ನು ಹೊರಗಟ್ಟಿದ ಭಾಷೆ, ಎಂದ. ಹಾಗಾಗಿ ನನ್ನ ಮಗ ನನ್ನ ಬಾಯಿಯನ್ನು ನೋಡುತ್ತಾನೆ, ಕಿವುಡರು ನೋಡುವ ಹಾಗೆ. ವೆನಿಸಾಳೇ ವಾಸಿ, ಒಂದು ದಿನ ನಾನು ಬಡಬಡಿಸುತ್ತಿದ್ದಾಗ ನಕ್ಕುಬಿಟ್ಟು, ಒಂದು ಕೆಲಸ ಮಾಡುವ ಮಾಂಯ್, ನೀವು ನಿಮ್ಮ ಭಾಷೆಯಲ್ಲೇ ಹೇಳಿ, ನಾನು ನನ್ನ ಭಾಷೆಯಲ್ಲೇ ಹೇಳ್ತೇನೆ, ಹೇಗೂ ಗೊತ್ತಾಗುದಿಲ್ಲ, ಜಗಳ ಆದ್ರೂ ಲುಕ್ಸಾನಿಲ್ಲ, ಎಂದಳು, ಅಂದಿನಿಂದ ಈರುಳ್ಳಿ ಹೆಚ್ಚುತ್ತ ಅವಳು ತನ್ನ ಆಫೀಸಿನ ಬಾಸನ್ನು ಬೈಯುತ್ತಾಳೆ, ನಾನು ಸತ್ತವರನ್ನು ಬೈಯುತ್ತೇನೆ. ಅದೂ ಸೋಮವಾರದ ತನಕ. ಸೋಮವಾರ ಕಮ್ಯೂನಿನವರು, ಇಲ್ಲಿಯ ನಗರಸಭೆಯವರು, ಕೊಟ್ಟ ಕೋಣೆಗೆ ಹೋಗಬೇಕು, ನದಿಯ ಆಚೆ, ವೃದ್ಧರ ಮನೆ, ತೊಮಾಸ್ ಕರೆದುಕೊಂಡು ಹೋಗಿ ತೋರಿಸಿದ, ಮಮ್ಮಾ ನೋಡು ಎಷ್ಟು ಬೆಳಕು ಬರುತ್ತದೆ, ಎಂದ, ಬೆಳಕು ಬರುತ್ತಿತ್ತು, ಹಾಸಿಗೆಯ ಎರಡು ಬದಿಗೂ ಕಬ್ಬಿಣದ ಕಟಕಟೆ ಇತ್ತು, ಸ್ಟೌವ್ ಆರಿಸದೆ ಎರಡು ಸಲ ಮಲಗಿಬಿಟ್ಟೆನಂತೆ, ಅವರದೇನೂ ತಪ್ಪಿಲ್ಲ. ವೆನಿಸಾ ಪೆಟ್ಟಿಗೆ ತುಂಬುವಾಗ ಆ ಕಡೆ ತಿರುಗಿ ಮೂಗು ಒರೆಸಿಕೊಂಡದ್ದು ನನಗೆ ಕಾಣಲಿಲ್ಲ ಎಂದು ತಿಳಿದಿದ್ದಾಳೆ.

ಟಿವಿಯವಳು ಏನು ಕೇಳುತ್ತಾಳೆ, ಶುರುವಿನಿಂದ ಕೇಳುತ್ತಾಳೆ, ಎಲ್ಲರೂ ಶುರುವಿನಿಂದಲೇ ಕೇಳುವುದು, ನೀವು ಸಿನಿಮಾಕ್ಕೆ ಹೇಗೆ ಬಂದಿರಿ — ಹೊಡೆದು ಬಂದೆ. ಅಪ್ಪ ಬೇಕರಿಯವನು, ನಸುಕಿನಲ್ಲೇ ಬನ್ನುಗಳ ಬುಟ್ಟಿ ಸೈಕಲ್ಲಿಗೆ ಕಟ್ಟಿ ಮನೆಮನೆಗೆ ಹಾಕಿ ಬರುವುದು ನನ್ನ ಕೆಲಸ, ಆ ಬೇಸಿಗೆ ನಮ್ಮ ಊರಿನ ಚೌಕಕ್ಕೆ ಸಿನಿಮಾದವರು ಬಂದರು, ನಾಯಕಿ ನಾಯಕನ ಕೆನ್ನೆಗೆ ಬಾರಿಸಬೇಕು, ಅವಳ ಕೈ ಏಳುತ್ತಿಲ್ಲ, ಬೆಣ್ಣೆ ಸವರಿದ ಹಾಗೆ ಸವರುತ್ತಾಳೆ, ಮತ್ತೆ ಮತ್ತೆ, ಬನ್ನಿನ ಬುಟ್ಟಿ ಹಿಡಿದು ನೋಡುತ್ತಿದ್ದ ನನಗೆ ತಡೆಯಲಾಗಲಿಲ್ಲ, ಜೋರಾಗಿ ನಕ್ಕೆ, ಕ್ಯಾಮೆರಾದ ಹಿಂದಿನಿಂದ ಗಡ್ಡದವನೊಬ್ಬ ತಿರುಗಿ, ನಗುವವಳು ಬಂದು ಹೊಡೆದು ತೋರಿಸಲಿ, ಎಂದ, ಬುಟ್ಟಿ ಕೆಳಗಿಟ್ಟು ಹೋಗಿ ಹೊಡೆದೆ, ನಾಯಕನ ಹಲ್ಲಿನಿಂದ ರಕ್ತ ಬಂತು, ಗಡ್ಡದವನು ಕಣ್ಣು ಅಗಲಿಸಿ ನೋಡಿದ, ಅವನೇ ಬೋಹುಶ್. ಮುಂದಿನ ಚಳಿಗಾಲಕ್ಕೆ ನಾನು ಪ್ರಾಗ್‌ನ ನಾಟಕ ಶಾಲೆಯಲ್ಲಿದ್ದೆ, ಜೊತೆಗೆ ಓದುತ್ತಿದ್ದ ಹಾನಾಳ ಕೋಣೆಯಲ್ಲಿ, ಫ್ರಿಜ್ಜಿಲ್ಲದೆ ಕಿಟಕಿಯ ಹೊರಗೆ ಬೆಣ್ಣೆ ಇಟ್ಟು ತಿನ್ನುತ್ತಿದ್ದೆವು, ಒಂದೇ ಕೋಟನ್ನು ಸರದಿಯ ಮೇಲೆ ಹಾಕಿಕೊಳ್ಳುತ್ತಿದ್ದೆವು, ಹಾನಾಳ ಮುಖ ಸಾಧಾರಣ, ದನಿ ಮಾತ್ರ ಕೆನೆ, ಕತ್ತಲೆಯಲ್ಲಿ ಅವಳು ಒಂದು ಮಾತು ಹೇಳಿದರೆ ಕೋಣೆ ಬೆಚ್ಚಗಾಗುತ್ತಿತ್ತು, ನನ್ನದು ಬೇಕರಿಯ ದನಿ, ಹಿಟ್ಟಿನ ಧೂಳು ಕುಡಿದ ಗಂಟಲು, ದ್ರಾಶಾಳ ಮುಖಕ್ಕೆ ಹಾನಾಳ ಗಂಟಲು ಹಾಕಿದರೆ ನಮಗೆ ಒಬ್ಬಳು ನಟಿ ಸಿಗುತ್ತಾಳೆ, ಎಂದು ಮೇಷ್ಟ್ರು ನಗುತ್ತಿದ್ದರು, ನಾವೂ ನಗುತ್ತಿದ್ದೆವು. ಆಮೇಲೆ ಸಿನಿಮಾಗಳು, ಪತ್ರಿಕೆಯ ಮುಖಪುಟ, ಟ್ರಾಮಿನಲ್ಲಿ ಜನ ಮೊಣಕೈಯಿಂದ ತಿವಿದುಕೊಂಡು ಇವಳೇ ಇವಳೇ ಅನ್ನುವುದು, ಅಪ್ಪ ಬೇಕರಿಯ ಗಾಜಿಗೆ ನನ್ನ ಪೋಸ್ಟರ್ ಅಂಟಿಸಿ, ಅದರ ಮೇಲೆ ಹಿಟ್ಟು ಕೂತಿತೆಂದು ದಿನಾ ಒರೆಸುವುದು, ಬೋಹುಶನ ಜೊತೆ ಮದುವೆ, ಆ ಆಗಸ್ಟ್ ತಿಂಗಳು, ಬೆಳಿಗ್ಗೆ ಎದ್ದಾಗ ಬೀದಿಯಲ್ಲಿ ರಷ್ಯದವರ ಟ್ಯಾಂಕುಗಳು, ಕಲ್ಲುಹಾಸಿನ ಮೇಲೆ ಅವುಗಳ ಸದ್ದು, ಕಪಾಟಿನೊಳಗಿನ ಲೋಟಗಳು ಒಂದಕ್ಕೊಂದು ತಾಗಿ ಟಿಣಿಟಿಣಿ ಎನ್ನುತ್ತಿದ್ದವು — ಮಾಂಯ್, ಕಾಫಿ ಆರ್ತದೆ, ಕುಡಿಯಿರಿ.

ಕುಡಿಯುತ್ತೇನೆ. ಆ ಸಿನಿಮಾ ಅದರ ಮರುವರ್ಷದ ಚಳಿಗಾಲದ್ದು, ಕೊನೆಯದು, ನಾನು ರೈಲ್ವೆ ಗೇಟು ಕಾಯುವವನ ಹೆಂಡತಿ, ಗಂಡ ಹೇಳದೆ ಕೇಳದೆ ಹೋಗಿಬಿಟ್ಟಿದ್ದಾನೆ, ಇಡೀ ಸಿನಿಮಾ ನಾನೇ ಗೇಟು ಎತ್ತುತ್ತೇನೆ, ಇಳಿಸುತ್ತೇನೆ, ಕೊನೆಯ ದೃಶ್ಯದಲ್ಲಿ ಒಂದು ಗೂಡ್ಸ್ ರೈಲು ಹೋಗಬೇಕು, ನಾನು ಸುಮ್ಮನೆ ಅದನ್ನು ನೋಡಬೇಕು, ಅಷ್ಟೇ, ಮಾತಿಲ್ಲ. ಗಡ್ಡೆಗಟ್ಟುವ ಚಳಿ, ಮೂಗಿನೊಳಗಿನ ಕೂದಲು ಕೂಡ ಹೆಪ್ಪುಗಟ್ಟಿತ್ತು, ನಮ್ಮ ಗೂಡ್ಸ್ ರೈಲು ಬರುವ ಮೊದಲು ಯಾರೂ ಹೇಳದಿದ್ದ ಇನ್ನೊಂದು ರೈಲು ಬಂತು, ಅವರದು, ಬಯಲು ಗಾಡಿಗಳ ಮೇಲೆ ಟಾರ್ಪಾಲು ಹೊದೆಸಿದ ಟ್ಯಾಂಕುಗಳು, ಮುಸುಕಿನ ಕೆಳಗಿನಿಂದ ಕೊಳವೆ ಹೊರಗೆ ಚಾಚಿಕೊಂಡಿದೆ, ಒಂದು, ಮತ್ತೊಂದು, ಮತ್ತೊಂದು, ಕ್ಯಾಮೆರಾ ಓಡುತ್ತಲೇ ಇತ್ತು, ಬೋಹುಶ್ ನಿಲ್ಲಿಸು ಎನ್ನಲಿಲ್ಲ, ದ್ರಾಶಾ ನಿನಗೆ ತೋಚಿದ್ದನ್ನು ಹೇಳು, ಎಂದು ಹಲ್ಲಿನ ನಡುವೆಯೇ ಅಂದ, ನಾನು ಹೇಳಿದೆ. ಒಂದೇ ಒಂದು ಮಾತು. ಹೇಳಿ ಮುಗಿಸಿದಾಗ ಲೈಟಿನವನು ಟೋಪಿ ತೆಗೆದ, ಬೋಹುಶ್ ಬಂದು ನನ್ನ ಹಣೆಗೆ ಹಣೆ ಹಚ್ಚಿ ನಿಂತ, ಇದು ನಮ್ಮನ್ನು ಮುಳುಗಿಸುತ್ತದೆ, ಎಂದ, ಖುಷಿಯಲ್ಲಿದ್ದ. ಮುಳುಗಿಸಿತು. ಕಮ್ಯುನಿಸ್ಟ್ ಪಕ್ಷದ ಮೇಲಿನವರು ಸಿನಿಮಾ ನೋಡಿದರು, ಆ ಒಂದು ಮಾತು ಕತ್ತರಿಸಿ, ಉಳಿದದ್ದು ಬಿಡುಗಡೆಯಾಗುತ್ತದೆ, ಎಂದರು, ಬೋಹುಶ್ ಒಪ್ಪಲಿಲ್ಲ, ಕತ್ತರಿಸುವುದಿಲ್ಲ ಎಂದ, ನನ್ನನ್ನೂ ಕರೆಸಿದರು, ಮೇಜಿನ ಆಚೆ ಕೂತಿದ್ದ ಮನುಷ್ಯ ಬಹಳ ಮರ್ಯಾದೆಯಿಂದಲೇ ಮಾತಾಡಿದ, ನೀವು ಬೇಕರಿಯವರ ಮಗಳು, ನಮ್ಮವರು, ಅದು ಬಾಯಿತಪ್ಪಿ ಬಂದ ಮಾತು ಎಂದು ಹೇಳಿಬಿಡಿ, ಸಾಕು, ನಾನು ಹೇಳಲಿಲ್ಲ, ಬಾಯಿ ತಪ್ಪಿರಲಿಲ್ಲ. ವಿಯೆನ್ನಾ ನೋಡಿಕೊಂಡು ಬರುತ್ತೇವೆಂದು ಒಂದೊಂದು ಚೀಲ ಹಿಡಿದು ರೈಲು ಹತ್ತಿದೆವು, ಅಮ್ಮ ಸ್ಟೇಷನ್ನಿಗೆ ಬಂದಿದ್ದಳು, ಅವಳಿಗೆ ಹೇಳಿರಲಿಲ್ಲ, ಹೇಳದೆಯೇ ಗೊತ್ತಾಗಿತ್ತು, ನನ್ನ ಕೋಟಿನ ಗುಂಡಿ ಹಾಕಿದಳು, ಬಿಚ್ಚಿದಳು, ಮತ್ತೆ ಹಾಕಿದಳು.

ಗಂಟೆ ಬಾರಿಸಿತೇ, ಇಲ್ಲ, ಮೇಲಿನ ಮನೆಯವರದ್ದು. ಸ್ವೀಡನ್ನಿನ ಆಲ್ವೆಸ್ತಾ ಎಂಬಲ್ಲಿ ನಿರಾಶ್ರಿತರ ಶಿಬಿರ, ಮಂಚದ ಮೇಲೆ ಮಂಚ, ಬೆಳಿಗ್ಗೆ ಸ್ವೀಡಿಷ್ ಪಾಠ, ಏಳು ಎಂಬ ಅಂಕಿಗೆ ಇವರಲ್ಲಿ ಒಂದು ಸದ್ದಿದೆ, ಮೇಣದಬತ್ತಿ ಆರಿಸುವ ಹಾಗೆ ಊದಬೇಕು, ಊದಿ ಊದಿ ತಲೆ ತಿರುಗುತ್ತಿತ್ತು, ಆ ಒಂದು ಸದ್ದು ಬಂದರೆ ಇಲ್ಲಿಯ ರಂಗಭೂಮಿಗೆ ಬಾಗಿಲು ತೆರೆಯುತ್ತದೆ ಎಂದು ಕನ್ನಡಿಯ ಮುಂದೆ ನಿಂತು ಊದಿದೆ, ಅದು ಬಂತು, ಬಾಗಿಲು ತೆರೆಯಲಿಲ್ಲ. ಸ್ಟಾಕ್‌ಹೋಮಿನಲ್ಲಿ ಒಬ್ಬ ನಿರ್ದೇಶಕ, ಒಳ್ಳೆಯ ಮನುಷ್ಯ, ಕಾಫಿ ಕೊಡಿಸಿ ಹೇಳಿದ, ನಿಮ್ಮ ಮುಖ ಅದ್ಭುತ, ಆದರೆ ನೀವು ಬಾಯಿ ತೆರೆದ ತಕ್ಷಣ ಜನ ಇವಳು ಎಲ್ಲಿಯವಳು ಎಂದು ಕೇಳುತ್ತಾರೆ, ನಾಟಕದಲ್ಲಿ ಅದಕ್ಕೆ ಉತ್ತರ ಬರೆದಿಲ್ಲ. ಉತ್ತರ ಬರೆದಿದ್ದ ಪಾತ್ರಗಳು ಬಂದವು, ತಟ್ಟೆ ಬೀಳಿಸುವ ಪೋಲಿಷ್ ಕೆಲಸದವಳು, ರಷ್ಯದ ಗೂಢಚಾರಿಣಿ, ರಷ್ಯದವಳೇ ಆಗಬೇಕಿತ್ತು ನೋಡು ನಾನು, ಬೋಹುಶ್ ಅದನ್ನು ಟಿವಿಯಲ್ಲಿ ನೋಡಿ ಎದ್ದುಹೋಗಿ ಬಚ್ಚಲಲ್ಲಿ ನಲ್ಲಿ ತಿರುಗಿಸಿಕೊಂಡು ಕೂತ, ಕೊನೆಗೆ ಒಂದು ಪತ್ತೇದಾರಿ ಧಾರಾವಾಹಿಯಲ್ಲಿ ಶವ, ಸರೋವರದ ದಡದಲ್ಲಿ, ಶವಕ್ಕೆ ಉಚ್ಚಾರಣೆ ಬೇಕಿಲ್ಲ, ಉಸಿರು ಬಿಗಿಹಿಡಿದು ಮಲಗಿದ್ದೆ, ಇರುವೆಯೊಂದು ರೆಪ್ಪೆಯ ಮೇಲೆ ನಡೆಯಿತು, ನಾನು ಅಲ್ಲಾಡಲಿಲ್ಲ, ಎಲ್ಲರೂ ಚಪ್ಪಾಳೆ ತಟ್ಟಿದರು, ಈ ದೇಶದಲ್ಲಿ ನನಗೆ ಸಿಕ್ಕ ಚಪ್ಪಾಳೆ ಅದೊಂದೇ. ಬೋಹುಶನಿಗೆ ಇಲ್ಲಿ ಲಿಂಕೋಪಿಂಗಿನಲ್ಲಿ ಶಾಲೆಗಳಿಗೆ ಪಾಠದ ಚಿತ್ರ ತೆಗೆಯುವ ಕೆಲಸ ಸಿಕ್ಕಿತು, ಕಪ್ಪೆಯ ಜೀವನಚಕ್ರ, ರಸ್ತೆ ದಾಟುವ ಬಗೆ, ತೊಮಾಸ್ ಹುಟ್ಟಿದ, ನಾನು ದಾಗಿಸ್‌ಗೆ ಸೇರಿದೆ, ಶಿಶುವಿಹಾರ, ಮಕ್ಕಳಿಗೆ ಊಟ ಮಾಡಿಸಿ, ಮೂಗು ಒರೆಸಿ, ಮಲಗಿಸುವ ಕೆಲಸ, ಮಕ್ಕಳು ನಾನು ಎಲ್ಲಿಯವಳೆಂದು ಕೇಳಲಿಲ್ಲ, ದ್ರಾಶಾ ಕರಡಿ ಮಾಡು, ದ್ರಾಶಾ ಅಳುವ ಮಾವಿನ ಮುಖ ಮಾಡು — ಮಾವು ಅಲ್ಲ, ಮಾವು ವೆನಿಸಾಳದ್ದು, ಅಳುವ ಪಿಯರ್ ಹಣ್ಣು, ಹೀಗೆ ಒಂದರೊಳಗೆ ಒಂದು ಬಂದು ಕೂರುತ್ತದೆ. ಬೋಹುಶ್ ಕುಡಿದ ಮೇಲೆ ಪ್ರತಿ ಸಲವೂ ಅದನ್ನೇ ಹೇಳುತ್ತಿದ್ದ, ಆ ಒಂದು ಮಾತಿಗಾಗಿ ನಾವು ದೇಶ ಬಿಟ್ಟೆವು ದ್ರಾಶಾ, ಆದರೂ ಅದು ಆಡತಕ್ಕ ಮಾತೇ, ಎನ್ನುತ್ತಿದ್ದ, ಮಾತನ್ನು ಮಾತ್ರ ಬಾಯಿಬಿಟ್ಟು ಹೇಳುತ್ತಿರಲಿಲ್ಲ, ಈ ಮನೆಯಲ್ಲಿ ಆ ಭಾಷೆ ಇರಲಿಲ್ಲವಲ್ಲ, ನಾನೂ ಹೇಳಲಿಲ್ಲ, ಇಬ್ಬರಿಗೂ ಗೊತ್ತಿರುವುದನ್ನು ಹೇಳುವುದೇಕೆ. ಅವನು ಸತ್ತ, ಲಿವರು ಕೆಟ್ಟು, ತೊಮಾಸ್ ಇನ್ನೂ ಶಾಲೆಯಲ್ಲಿದ್ದ. ಅಮ್ಮ ಅದಕ್ಕೂ ಮೊದಲೇ ಸತ್ತಿದ್ದಳು, ಹೋಗಲು ಬಿಡಲಿಲ್ಲ.

ಆಮೇಲೆ ಅಲ್ಲಿಯ ಗೋಡೆಗಳು ಬಿದ್ದವು, ಆ ಸರಕಾರವೂ ಬಿತ್ತು, ಹೋದೆ, ಅಣ್ಣ ಮಿರೆಕ್ ಸ್ಟೇಷನ್ನಿಗೆ ಬಂದಿದ್ದ, ಗುರುತೇ ಸಿಗಲಿಲ್ಲ, ಉಗುರಿನ ಸಂದಿಯಲ್ಲೆಲ್ಲ ಕಪ್ಪು, ನನ್ನ ದೆಸೆಯಿಂದ ವಿಶ್ವವಿದ್ಯಾಲಯದಿಂದ ತೆಗೆದುಹಾಕಿ ಬಾಯ್ಲರಿಗೆ ಕಲ್ಲಿದ್ದಲು ಎಸೆಯಲು ಹಚ್ಚಿದ್ದರು, ನೀರಿನ ಹರಿವಿನ ಗಣಿತ ಓದಬೇಕಿದ್ದವನು, ಬೈಯುತ್ತಾನೆಂದು ತಯಾರಾಗಿ ಹೋಗಿದ್ದೆ, ಬೈಯಲಿಲ್ಲ, ಹೆಂಡತಿಯ ಕೈಯಲ್ಲಿ ಸೂಪು ಮಾಡಿಸಿ ಬಡಿಸಿದ, ನೆರೆಯವರನ್ನೆಲ್ಲ ಕರೆದು, ಇವಳೇ ನನ್ನ ತಂಗಿ, ಒಂದು ಮಾತು ಆಡಿದಳು, ಅದಕ್ಕೆ ನಾನು ಇಪ್ಪತ್ತು ವರ್ಷ ಕಲ್ಲಿದ್ದಲು ಎಸೆದೆ, ಎಂದ, ಎದೆ ಉಬ್ಬಿಸಿಯೇ ಹೇಳಿದ, ಬೈದಿದ್ದರೆ ಚೆನ್ನಾಗಿತ್ತು. ಆ ಮಾತು ಯಾವುದು ಎಂದು ಯಾರೋ ಕೇಳಿದರು, ಮಿರೆಕ್ ನನ್ನ ಕಡೆ ನೋಡಿದ, ಅವನಿಗೂ ಗೊತ್ತಿರಲಿಲ್ಲ, ನಾಳಿದ್ದು ಸಿನಿಮಾ ತೋರಿಸುತ್ತಾರಲ್ಲ, ನನ್ನ ಬಾಯಿಂದಲೇ ಕೇಳುವಿರಂತೆ, ಎಂದೆ, ನಟಿ ತಾನೇ, ಪರದೆಗೆ ಕಾದಿಟ್ಟೆ. ಚಿಕ್ಕ ಚಿತ್ರಮಂದಿರ, ಸಿಗರೇಟಿನ ವಾಸನೆ, ಮಿರೆಕ್ ಟೈ ಕಟ್ಟಿಕೊಂಡು ಬಂದಿದ್ದ. ಹೆಸರುಗಳು ಬಂದವು, ನನ್ನದಿಲ್ಲ, ಬೋಹುಶನದಿಲ್ಲ, ಅದು ನಿರೀಕ್ಷೆಯೇ, ಆಮೇಲೆ ನಾನು ಬಂದೆ, ಗೇಟಿನ ಹಿಡಿಕೆ ತಿರುಗಿಸುತ್ತ, ಯಾರನ್ನೋ ಕರೆಯಲು ಬಾಯಿ ತೆರೆದೆ — ಕೆನೆ, ಹಾನಾ, ಹಾನಾಳ ದನಿ ನನ್ನ ಗಂಟಲಿನಿಂದ ಬರುತ್ತಿತ್ತು, ಸಿನಿಮಾದ ತುದಿಯಿಂದ ತುದಿಗೆ ಅವಳದ್ದೇ. ನಾವು ಹೋದ ಮೇಲೆ ನನ್ನ ದನಿಯನ್ನೆಲ್ಲ ಅಳಿಸಿ ಹಾನಾಳನ್ನು ಕೂರಿಸಿ ಮತ್ತೆ ಆಡಿಸಿದ್ದರು, ಕೊನೆಯ ದೃಶ್ಯಕ್ಕೆ ಬಂತು, ರೈಲಿನ ಟ್ಯಾಂಕುಗಳನ್ನೆಲ್ಲ ಕತ್ತರಿಸಿದ್ದರು, ಇಂಜಿನ್ನಿನ ಹೊಗೆ ಇತ್ತು, ನನ್ನ ಮುಖ ಇತ್ತು, ಆ ಮುಖ ಹಾನಾಳ ದನಿಯಲ್ಲಿ ಹೇಳಿತು, ನಾಳೆ ಹಿಮ ಕರಗುತ್ತದೆ, ಎಲ್ಲ ಸರಿಹೋಗುತ್ತದೆ. ದೀಪ ಹತ್ತಿತು. ಮಿರೆಕ್ ಟೈ ಸಡಿಲಿಸಿದ, ಇದೇನಾ, ಎಂದ. ಅಲ್ಲ ಎಂದೆ. ಹಾಗಾದರೆ ಯಾವುದು, ಎಂದ, ಹೇಳಲು ಹೋದೆ, ಜನ ಸುತ್ತ ನಿಂತಿದ್ದರು, ಹಾನಾ ಕೊನೆಯ ಸಾಲಿನಲ್ಲಿ ಕೈಚೀಲ ಅವುಚಿಕೊಂಡು ಕೂತಿದ್ದಳು, ವಯಸ್ಸಿಗೆ ಮೊದಲೇ ಮುದುಕಿಯಾದವಳು, ಅವಳ ಹತ್ತಿರ ಹೋದೆ, ನನ್ನ ಮಗುವಿಗೆ ಮೈ ಸರಿ ಇರಲಿಲ್ಲ ದ್ರಾಶಾ, ನಾನು ಆಡದಿದ್ದರೆ ಇನ್ಯಾರೋ ಆಡುತ್ತಿದ್ದರು, ಕನಿಷ್ಠ ನಾನು ನಿನ್ನ ಉಸಿರು ಬಲ್ಲವಳು, ನಿನ್ನ ತುಟಿಗೆ ಸರಿಯಾಗಿ ಕೂರಿಸಿದೆ, ಎಂದಳು, ಅಳುತ್ತ ಎಂದಳು, ಕೆನೆಯಂಥ ದನಿಯಲ್ಲಿ. ನಿಜಕ್ಕೂ ಸರಿಯಾಗಿ ಕೂರಿಸಿದ್ದಳು. ಅವತ್ತು ಹೋಟೆಲಿನ ಕೋಣೆಯಲ್ಲಿ ಕನ್ನಡಿ ನೋಡಿ ನನ್ನ ಮಾತನ್ನು ನಾನೇ ಹೇಳಿಕೊಳ್ಳಲು ಹೋದೆ, ಹಾನಾಳ ಮಾತು ಬಂತು, ಬದಿಗೆ ತಳ್ಳಿದೆ, ಮತ್ತೆ ಬಂತು, ನಾಳೆ ನೆನಪಾಗುತ್ತದೆ ಎಂದು ಮಲಗಿದೆ. ಮಿರೆಕ್ ಸಾಯುವ ತನಕ ಪ್ರತಿ ಕ್ರಿಸ್‌ಮಸ್ಸಿಗೆ ಫೋನು ಮಾಡಿ ಹವಾಮಾನ ಕೇಳುತ್ತಿದ್ದ, ಅದೊಂದನ್ನು ಮತ್ತೆ ಕೇಳಲಿಲ್ಲ.

ಈಗ ನಿಜವಾಗಿಯೂ ಗಂಟೆ, ವೆನಿಸಾ ಓಡುತ್ತಾಳೆ, ಹಜಾರದಲ್ಲಿ ಬೂಟು ಬಿಚ್ಚುವ ಸದ್ದು, ತೊಮಾಸನ ದನಿಯೂ ಇದೆ, ಕೆಲಸದ ನಡುವೆ ಬಂದಿದ್ದಾನೆ, ವಿಮಾನದ ಕಾರ್ಖಾನೆಯಿಂದ, ಕುತ್ತಿಗೆಯಲ್ಲಿ ಇನ್ನೂ ಆ ಗುರುತಿನ ಕಾರ್ಡು, ಒಳಗೆ ಬರುವವಳು ಚಿಕ್ಕ ಹುಡುಗಿ, ಕ್ಲಾರಾ ಎನ್ನುತ್ತಾಳೆ, ಬಾಗಿ ಕೈ ಹಿಡಿದು ನಮಸ್ಕಾರ ಮೇಡಂ ಎನ್ನುತ್ತಾಳೆ, ಚೆಕ್‌ನಲ್ಲಿ — ಕಿವಿಯೊಳಗೆ ಬಿಸಿನೀರು ಬಿಟ್ಟಂತಾಯಿತು, ಈ ಕೋಣೆಯ ಗೋಡೆಗಳಿಗೆ ನನ್ನದಲ್ಲದ ಇನ್ನೊಂದು ಬಾಯಿಯ ಚೆಕ್ ತಾಗಿ ಎಷ್ಟು ಕಾಲವಾಯಿತು, ನಾನು ಮಾತಾಡುತ್ತೇನೆ, ಬರುತ್ತದೆ, ಸರಾಗ ಬರುತ್ತದೆ, ಬೇಕರಿ, ಬನ್ನು, ಹೊಡೆತ, ಕ್ಲಾರಾ ನಗುತ್ತಾಳೆ, ತೊಮಾಸ್ ಬಾಗಿಲಿಗೆ ಒರಗಿ ನನ್ನನ್ನು ನೋಡುತ್ತಿದ್ದಾನೆ, ಮಮ್ಮಾ ಇಷ್ಟು ಬೇಗ ಮಾತಾಡುವುದನ್ನು ನಾನು ಕೇಳಿಯೇ ಇಲ್ಲ, ಎನ್ನುತ್ತಾನೆ ವೆನಿಸಾಳಿಗೆ, ಹೌದಲ್ವಾ, ರೇಡಿಯೋ ಇಟ್ಟ ಹಾಗೆ, ಎನ್ನುತ್ತಾಳೆ ಅವಳು, ಏಲಕ್ಕಿ ಹಾಕಿದ ಬನ್ನುಗಳನ್ನು ಮೇಜಿನ ಮೇಲಿಡುತ್ತ. ಆಮೇಲೆ ಕ್ಲಾರಾ ಲ್ಯಾಪ್‌ಟಾಪ್ ತೆರೆಯುತ್ತಾಳೆ, ಒಂದು ಚಿಕ್ಕ ಮೈಕನ್ನು ನನ್ನ ಸ್ವೆಟರಿನ ಕೊರಳಿಗೆ ಸಿಕ್ಕಿಸುತ್ತಾಳೆ. ಮೇಡಂ, ನಿಮ್ಮ ಆ ಕೊನೆಯ ಸಿನಿಮಾದ ಮೂಲ ಚಿತ್ರ ಸಿಕ್ಕಿದೆ, ಟ್ಯಾಂಕಿನ ರೈಲು ಸಮೇತ, ಕತ್ತರಿಸಿ ಎಸೆದದ್ದನ್ನು ಲೈಟಿನವರು ಮನೆಯ ನೆಲಮಾಳಿಗೆಯಲ್ಲಿ ಬಚ್ಚಿಟ್ಟಿದ್ದರಂತೆ, ಮೊಮ್ಮಗಳು ತಂದುಕೊಟ್ಟಳು, ಮೇ ತಿಂಗಳಲ್ಲಿ ಪ್ರಾಗ್‌ನಲ್ಲಿ ತೋರಿಸುತ್ತೇವೆ, ನಿಮ್ಮ ಹೆಸರಿನ ಸಮೇತ. ಆದರೆ ಧ್ವನಿ ಇಲ್ಲ, ಅಳಿಸಿದ್ದು ಅಳಿಸಿಯೇ ಹೋಗಿದೆ. ಇಡೀ ಸಿನಿಮಾಕ್ಕೆ ಚಿಂತೆಯಿಲ್ಲ, ಸಂಭಾಷಣೆ ಬರೆದದ್ದಿದೆ, ಕೊನೆಯ ಆ ಒಂದು ಮಾತು ಮಾತ್ರ ಎಲ್ಲಿಯೂ ಇಲ್ಲ, ನೀವು ಅಲ್ಲಿಯೇ ಹುಟ್ಟಿಸಿ ಆಡಿದ್ದಂತೆ, ಕೇಳಿದವರು ಯಾರೂ ಉಳಿದಿಲ್ಲ, ತುಟಿ ನೋಡಿ ಮಾತು ಓದಬಲ್ಲ ಇಬ್ಬರು ಹೆಂಗಸರಿಗೆ ತೋರಿಸಿದೆವು, ನಡುವೆ ಹೊಗೆ ಬರುತ್ತದೆ, ಒಬ್ಬಾಕೆ ಒಂದು ಹೇಳಿದರು, ಇನ್ನೊಬ್ಬಾಕೆ ಇನ್ನೊಂದು. ನೀವೇ ಹೇಳಬೇಕು ಮೇಡಂ. ನಿಮ್ಮ ಈಗಿನ ದನಿಯಲ್ಲೇ ಇರಲಿ, ಅದನ್ನೇ ಆ ಮುಖಕ್ಕೆ ಹಾಕುತ್ತೇವೆ. ತೊಮಾಸನಿಗೆ ಅದನ್ನೆಲ್ಲ ಅವಳು ಇಂಗ್ಲಿಷಿನಲ್ಲಿ ಹೇಳಿರಬೇಕು, ಅವನು ಬಂದು ನನ್ನ ಕುರ್ಚಿಯ ಪಕ್ಕ ನೆಲದ ಮೇಲೆ ಕೂರುತ್ತಾನೆ, ಐವತ್ತು ದಾಟಿದ ಗಂಡಸು, ಮೊಣಕಾಲು ಲಟ್ಟೆನ್ನುತ್ತದೆ, ಮಮ್ಮಾ, ಅಪ್ಪ ಅದನ್ನು ನನಗೆ ಯಾವತ್ತೂ ಹೇಳಲಿಲ್ಲ, ನಾನು ಈ ಊರಲ್ಲಿ ಹುಟ್ಟಿದ್ದೇ ಆ ಮಾತಿನಿಂದ, ಏನದು, ನಿಧಾನವಾಗಿ ಹೇಳು, ಇವರು ನನಗೆ ಅರ್ಥ ಹೇಳುತ್ತಾರೆ. ಅವನ ಮಾತು ನನಗೆ ಪೂರಾ ತಿಳಿಯುತ್ತದೆ, ಇವತ್ತು ಸ್ವೀಡಿಷ್ ಕೂಡ ತಿಳಿಯುತ್ತಿದೆ, ಎಂಥ ಒಳ್ಳೆಯ ದಿನ.

ಕ್ಲಾರಾ ಬೆರಳು ಒತ್ತುತ್ತಾಳೆ. ಹಿಮ, ಗೇಟು, ಕಪ್ಪು ಇಂಜಿನ್, ಸದ್ದೇ ಇಲ್ಲದ ರೈಲು, ಟಾರ್ಪಾಲಿನ ಕೆಳಗಿನ ಕೊಳವೆಗಳು ಒಂದರ ಹಿಂದೊಂದು, ಆಮೇಲೆ ಅವಳು, ತಲೆಗೆ ವಸ್ತ್ರ ಬಿಗಿದ ಹುಡುಗಿ, ತುಟಿ ಒಡೆದಿದೆ ಚಳಿಗೆ, ಎಷ್ಟು ಚಿಕ್ಕವಳು, ಬಾಯಿ ತೆರೆಯುವ ಮೊದಲು ಒಂದು ಗಳಿಗೆ ತಡೆಯುತ್ತಾಳೆ, ತುಟಿಗಳು ಕೂಡುತ್ತವೆ, ಬಿಡುತ್ತವೆ, ಹೊಗೆ ಅಡ್ಡ ಬರುತ್ತದೆ, ಹೊಗೆ ಸರಿದಾಗ ಬಾಯಿ ಮುಚ್ಚಿದೆ, ಮುಗಿದಿದೆ. ಮತ್ತೊಮ್ಮೆ ಹಾಕಲಾ ಮೇಡಂ, ಹಾಕು ಎನ್ನುತ್ತೇನೆ. ತುಟಿಗಳು ಕೂಡುತ್ತವೆ, ಅಂದರೆ ಮ ಇರಬೇಕು, ಇಲ್ಲವೇ ಬ, ಇಲ್ಲವೇ ಪ, ಅಮ್ಮನ ಹೆಸರೇ, ಬೋಹುಶನ ಹೆಸರೇ, ಬಿಡುತ್ತವೆ, ಅಗಲವಾಗಿ, ಹೊಗೆ. ಗೊತ್ತಿದೆ, ನನಗದು ಗೊತ್ತಿದೆ, ಅದರ ತೂಕ ನಾಲಿಗೆಯ ಮೇಲಿದೆ, ಆಡಿದಾಗ ಎದೆ ಹಗುರವಾದದ್ದು ಗೊತ್ತಿದೆ, ಲೈಟಿನವನು ಟೋಪಿ ತೆಗೆದದ್ದು, ಬೋಹುಶನ ಹಣೆಯ ಬಿಸಿ, ಎಲ್ಲ ಇದೆ, ಎಲ್ಲವೂ ಅದರ ಸುತ್ತ ವೃತ್ತ ಕಟ್ಟಿ ನಿಂತಿದೆ, ನಡುವೆ ಅದಿಲ್ಲ. ತೊಮಾಸ್ ನನ್ನ ಕೈಯನ್ನು ತನ್ನೆರಡೂ ಕೈಯೊಳಗೆ ಇಟ್ಟುಕೊಂಡಿದ್ದಾನೆ. ಹೇಳುತ್ತೇನೆ, ಎನ್ನುತ್ತೇನೆ, ಯೋಚಿಸಬಾರದು, ಅವತ್ತೂ ಯೋಚಿಸಿರಲಿಲ್ಲ, ತಾನಾಗಿ ಬಂದಿತ್ತು, ಬಾಯಿ ತೆರೆದರೆ ತಾನಾಗಿ ಬರುತ್ತದೆ, ಬೆನ್ನು ನೆಟ್ಟಗೆ ಮಾಡುತ್ತೇನೆ, ಅವಳ ಜೊತೆಯೇ ಉಸಿರು ಎಳೆದುಕೊಳ್ಳುತ್ತೇನೆ, ತುಟಿ ಕೂಡಿಸುತ್ತೇನೆ, ಬಿಡ — ನಾಳೆ ಹಿಮ ಕರಗುತ್ತದೆ, ಎಲ್ಲ ಸರಿಹೋಗುತ್ತದೆ. ಕೋಣೆಯಲ್ಲಿ ಅದು ಸ್ಪಷ್ಟವಾಗಿ ಕೇಳಿತು, ಹಾನಾ ಎಲ್ಲಿ ತಡೆಯುತ್ತಿದ್ದಳೋ ಅಲ್ಲೇ ತಡೆದು, ಎಲ್ಲಿ ಇಳಿಸುತ್ತಿದ್ದಳೋ ಅಲ್ಲೇ ಇಳಿಸಿ, ತುಟಿಗೆ ಸರಿಯಾಗಿ ಕೂತಿತು. ಕ್ಲಾರಾ ಕಣ್ಣು ಕೆಳಗೆ ಹಾಕುತ್ತಾಳೆ, ಅವಳಿಗೆ ಗೊತ್ತು, ಆ ಹಳೆಯ ಪ್ರತಿಯನ್ನು ಅವಳೂ ನೋಡಿದ್ದಾಳೆ, ಏನಂದಳು, ಏನಂದಳು ಎಂದು ತೊಮಾಸ್ ಕೇಳುತ್ತಿದ್ದಾನೆ, ವೆನಿಸಾ ಹಿಂದಿನಿಂದ ಬಂದು ನನ್ನ ಹೆಗಲ ಮೇಲೆ ಕೈಯಿಟ್ಟು ತನ್ನ ಭಾಷೆಯಲ್ಲಿ ಏನೋ ಅನ್ನುತ್ತಾಳೆ, ಸಾಕು, ಇರಲಿ ಬಿಡಿ, ಅಂಥದ್ದೇನೋ, ಅದಲ್ಲ, ಎನ್ನುತ್ತೇನೆ ನಾನು, ಅದಲ್ಲ, ಅದು ನನ್ನದಲ್ಲ, ಮತ್ತೆ ಹಾಕು, ಮೇಡಂ ನಿಮಗೆ ಆಯಾಸವಾಗಿದೆ, ಇಲ್ಲ, ಮತ್ತೆ ಹಾಕು, ಅಮ್ಮ ಗುಂಡಿ ಹಾಕಿ ಬಿಚ್ಚಿ ಹಾಕಿದ್ದು ಅದಕ್ಕಾಗಿ, ಮಿರೆಕನ ಉಗುರಿನ ಕಪ್ಪು ಅದಕ್ಕಾಗಿ, ಬೋಹುಶನ ಕಪ್ಪೆಗಳು, ಸರೋವರದ ದಡದ ಶವ, ಈ ಐವತ್ತು ವರ್ಷದ ಮೇಣದಬತ್ತಿ ಊದುವುದು, ನನ್ನ ಮಾತು ಗೊತ್ತಿಲ್ಲದ ಈ ನನ್ನ ಮಗ, ಎಲ್ಲ ಆ ಒಂದಕ್ಕಾಗಿ, ಏನು ಅದು, ಅಷ್ಟು ದೊಡ್ಡದು ಏನಿತ್ತು ಹುಡುಗಿ, ಏನಂದೆ ನೀನು, ಮತ್ತೆ ಹಾಕು, ಹಾಕುತ್ತಾಳೆ, ಚಳಿಗೆ ಒಡೆದ ತುಟಿ, ಒಂದು ಗಳಿಗೆ ತಡೆ, ತುಟಿಗಳು ಕೂಡುತ್ತವೆ, ಬಿಡುತ್ತವೆ, ಹೊಗೆ, ಮತ್ತೆ, ತುಟಿಗಳು ಕೂಡುತ್ತವೆ, ಬಿಡುತ್ತವೆ, ಹೊಗೆ, ತುಟಿಗಳು ಕೂಡುತ್ತವೆ, ಬಿಡುತ್ತವೆ